ದಿನಚರಿಗೆ ಕಾವಲಿಟ್ಟ ಕಥೆ

ನನ್ನ ನೆನಪಿನ ಮೇಲೆ ನನಗೆ ಎಂದೂ ನಂಬಿಕೆ ಇರಲಿಲ್ಲ. ಹಾಗೆಂದು ನನಗೆ ನೆನಪು. ಇತಿಹಾಸದಲ್ಲಿ ಎಂ.ಎ. ಮಾಡಿದವನಿಗೆ ಇನ್ನೇನು ಬರದಿದ್ದರೂ ಒಂದು ಚಟವಂತೂ ಅಂಟಿಕೊಳ್ಳುತ್ತದೆ: ಯಾರು ಏನು ಹೇಳಿದರೂ ‘ದಾಖಲೆ ಎಲ್ಲಿದೆ?’ ಎಂದು ಕೇಳುವುದು. ನೀಲಗಿರಿಯ ಕೆತ್ತಿಯಲ್ಲಿ ಎರಡು ಎಕರೆ ಟೀ ತೋಟ ನೋಡಿಕೊಂಡಿರುವವನಿಗೆ ಅದರಿಂದ ಉಪಯೋಗ ಅಷ್ಟಕ್ಕಷ್ಟೆ. ಆದರೂ ಎಷ್ಟೋ ವರ್ಷದಿಂದ ಕಂಪ್ಯೂಟರಿನಲ್ಲಿ ದಿನಚರಿ ಬರೆಯುತ್ತಿದ್ದೇನೆ. ವರ್ಷಕ್ಕೊಂದು ಫೈಲು, ಎಲ್ಲಕ್ಕೂ ಸೇರಿ ಒಂದು ಫೋಲ್ಡರು. ಮನೆಯಲ್ಲಿ ವಾದ ಎದ್ದರೆ ನಾನು ಬಾಯಿ ತೆರೆಯುವುದಿಲ್ಲ, ಫೋಲ್ಡರು ತೆರೆಯುತ್ತೇನೆ. ಹೆಂಡತಿ ಸರೋಜಳಿಗೆ ನಾನು ಬಾಯಿ ತೆರೆದರೇ ವಾಸಿ ಎನಿಸುವುದುಂಟು.

ಈ ಸಲದ ವಾದ ಹಿಮದ್ದು. ನಮ್ಮ ಕಡೆ ಡಿಸೆಂಬರ್, ಜನವರಿಯಲ್ಲಿ ಸಂಜೆ ನಾಲ್ಕಾದರೆ ಎಲ್ಲರೂ ಆಕಾಶ ನೋಡುತ್ತಾರೆ. ಮೋಡವಿಲ್ಲದೆ ಗಾಳಿಯೂ ನಿಂತಿದ್ದರೆ ಬೆಳಗಾಗುವಷ್ಟರಲ್ಲಿ ಹಿಮ ಬಿದ್ದಿರುತ್ತದೆ. ಎಳೆಯ ಟೀ ಗಿಡಗಳಿಗೆ ಒಣ ಜರಿಸೊಪ್ಪು ಹೊದಿಸದಿದ್ದರೆ, ಬಿಸಿಲೇರಿದಂತೆ ಸುಟ್ಟ ಹಾಗೆ ಕಪ್ಪಾಗುತ್ತವೆ. ಹೋದ ವರ್ಷ ಡಿಸೆಂಬರಿನ ಒಂದು ಸಂಜೆ ನಾವು ಹೊದಿಸಲಿಲ್ಲ. ಕೆಳಗಿನ ತಾಕಿನ ಹೊಸ ಸಸಿಗಳೆಲ್ಲ ಹೋದವು. ‘ಇವತ್ತು ಬೇಡ’ ಎಂದವರು ಯಾರು? ನನ್ನ ದಿನಚರಿಯ ಪ್ರಕಾರ ಸರೋಜ. ಇದನ್ನು ನಾನು ಅವಳ ತಮ್ಮ ನಾಗೇಶನ ಮುಂದೆ, ಪಕ್ಕದ ತೋಟದವರ ಮುಂದೆ, ಕಡೆಗೆ ಒಂದು ಮದುವೆಮನೆಯ ಊಟದ ಪಂಕ್ತಿಯಲ್ಲೂ ಹೇಳಿದ್ದೆ. ದ್ವೇಷದಿಂದಲ್ಲ. ಕಥೆ ಚೆನ್ನಾಗಿತ್ತು, ಪಲ್ಯ ಬರುವುದು ತಡವಾಗಿತ್ತು.

ಮಳೆಗಾಲದಲ್ಲಿ ಮತ್ತೆ ಸಸಿ ನೆಟ್ಟೆವು. ಡಿಸೆಂಬರ್ ಬರುತ್ತಲೇ ನಾಗೇಶ, “ಈ ಸಲ ಆಕಾಶ ನೋಡೋ ಕೆಲಸ ಭಾವನಿಗೇ ಬಿಡಕ್ಕ, ನಿನಗೆ ಬೇಡ” ಎಂದು ನಕ್ಕ. ಸರೋಜ ನಗಲಿಲ್ಲ.

“ಬೇಡ ಅಂದಿದ್ದು ನಾನಲ್ಲ. ಮಾರನೇ ದಿನ ನೀವೇ ಬರೆದು ನನಗೆ ಓದಿ ಹೇಳಿದ್ರಿ. ಅದರಲ್ಲಿ ಹೀಗಿರಲಿಲ್ಲ” ಎಂದಳು ನನಗೆ.

“ಫೈಲಲ್ಲಿ ಇದೆಯಲ್ಲ.”

“ಹಾಗಾದ್ರೆ ಆ ಫೈಲಿಗೆ ಯಾರೋ ಕೈ ಹಾಕಿದ್ದಾರೆ ಕಣ್ರೀ.”

ನೋಡಿದರೆ ನಿಜ. ಹೋದ ವರ್ಷದ ಫೈಲು ಕೊನೆಯ ಸಲ ಬದಲಾದದ್ದು ಮೊನ್ನೆ ಮೊನ್ನೆ. ಅನುಮಾನ ನೆಟ್ಟಗೆ ನಾಗೇಶನ ಮೇಲೆ ಹೋಯಿತು. ಭಾನುವಾರ ಬಂದು ಏನೇನೋ ಪ್ರಿಂಟ್ ತೆಗೆಯುವವನು ಅವನು. ಸ್ವಂತ ಅಕ್ಕನ ಮೇಲೆ ತಪ್ಪು ಹೊರಿಸಿ ಅವನಿಗೇನು ಲಾಭ ಎಂದು ನಾನು ಯೋಚಿಸಲಿಲ್ಲ. ಪತ್ತೇದಾರ ಅಷ್ಟೆಲ್ಲ ಯೋಚಿಸತೊಡಗಿದರೆ ಪತ್ತೆಗೆ ಕೆಲಸವೇ ಉಳಿಯುವುದಿಲ್ಲ.

ಕಾವಲಿಗೊಂದು ಪ್ರೋಗ್ರಾಂ ಹಾಕಿದೆ. ಯಾವ ಫೈಲನ್ನು ಯಾರು ಎಷ್ಟು ಹೊತ್ತಿಗೆ ತೆರೆದರು, ಬದಲಿಸಿದರು, ಅಳಿಸಿದರು ಎಂದೆಲ್ಲ ಅದು ಬರೆದಿಡುತ್ತದೆ. ಮೊದಲ ದಿನ ಪಟ್ಟಿ ನೋಡಿ ತಲೆ ತಿರುಗಿತು. ಸುಮ್ಮನೆ ಕುಳಿತಿದೆ ಎಂದುಕೊಂಡಿದ್ದ ಕಂಪ್ಯೂಟರು ಒಂದು ನಿಮಿಷಕ್ಕೆ ನೂರಾರು ಫೈಲು ತೆಗೆದಿಟ್ಟು, ಮುಚ್ಚಿಟ್ಟು, ಹೆಸರು ಬದಲಿಸಿ ಒದ್ದಾಡುತ್ತಿತ್ತು. ಮನೆಗೆ ನೆಂಟರು ಬರುವ ದಿನ ಸರೋಜ ಅಡುಗೆಮನೆಯಲ್ಲಿ ಇರುವ ಹಾಗೆ. ಆಮೇಲೆ ದಿನಚರಿಯ ಫೋಲ್ಡರಿಗೆ ಮಾತ್ರ ಕಾವಲಿಟ್ಟು, ನಾಗೇಶನಿಗೆ ಬೇರೆ ಲಾಗಿನ್ ಮಾಡಿಕೊಟ್ಟೆ. ನಿನಗೂ ಒಂದು ಬೇಕೇ ಎಂದರೆ ಸರೋಜ, “ನಾನು ಅದನ್ನ ಮುಟ್ಟೋದು ಧೂಳು ಒರೆಸೋಕೆ. ಅದಕ್ಕೂ ಲಾಗಿನ್ ಬೇಕಾ?” ಎಂದಳು.

ವಾರ ಕಳೆದು ಪಟ್ಟಿ ತೆಗೆದೆ. ದಿನವೂ ಬೆಳಿಗ್ಗೆ ಆರೂಕಾಲಿಗೆ ಹೋದ ವರ್ಷದ ಫೈಲು ತೆರೆದಿದೆ. ಆರೂಮುಕ್ಕಾಲಿಗೆ ಬದಲಾಗಿ ಮುಚ್ಚಿದೆ. ಹೆಸರು ನನ್ನದು.

ಆರೂಕಾಲು ನನ್ನ ಮೊದಲ ಕಾಫಿಯ ಹೊತ್ತು. ಹಳೆಯ ದಿನಚರಿ ಓದುವುದು ನನಗೊಂದು ಸುಖ. ಓದುವಾಗ ಒಂದು ಅಲ್ಪವಿರಾಮ ಹಾಕುತ್ತೇನೆ, ಭಾರವೆನಿಸಿದ ಪದ ತೆಗೆಯುತ್ತೇನೆ. ಅಷ್ಟೇ ಎಂದುಕೊಂಡಿದ್ದೆ. ಹೋದ ಫೆಬ್ರವರಿಯಲ್ಲಿ ಕಂಪ್ಯೂಟರು ರಿಪೇರಿಗೆ ಕೂನೂರಿಗೆ ಹೋಗುವಾಗ ಪೆನ್‌ಡ್ರೈವಿಗೆ ಹಾಕಿದ್ದ ಪ್ರತಿಯನ್ನು ಹುಡುಕಿ ಓದಿದೆ. ಅದರಲ್ಲಿತ್ತು: ‘ಸರೋಜ ಸೊಪ್ಪು ತರಲು ಹೊರಟಿದ್ದಳು. ಮೋಡ ಬಂದೇ ಬರುತ್ತದೆ, ಬೇಡ ಎಂದು ನಾನೇ ತಡೆದೆ.’ ಇಷ್ಟು ಸ್ಪಷ್ಟವಾದದ್ದನ್ನು ಯಾವ ಬೆಳಿಗ್ಗೆ ಬದಲಿಸಿದೆನೋ ಕಾಣೆ. ಒಂದೇ ಬೆಳಿಗ್ಗೆ ಬದಲಿಸಿರಲಾರೆ. ದಿನಕ್ಕಿಷ್ಟು ಎಂದು ತಿದ್ದುತ್ತಾ ತಿದ್ದುತ್ತಾ ವಾಕ್ಯ ಚೆಂದವಾಯಿತು, ತಪ್ಪು ಅವಳದಾಯಿತು.

ಭಾನುವಾರ ನಾಗೇಶನ ಎದುರಿಗೇ ಎರಡೂ ಪ್ರತಿ ಓದಿ ಒಪ್ಪಿಕೊಂಡೆ. ಅವನು ಪ್ರಿಂಟರಿನ ಕಡೆ ತಿರುಗಿ ಕೆಮ್ಮಿದ. ಸರೋಜ ಸೊಪ್ಪು ಬಿಡಿಸುವುದನ್ನು ನಿಲ್ಲಿಸದೆ, “ಸರಿ. ಮದುವೆಮನೆಯಲ್ಲಿ ಕೇಳಿದವರಿಗೆ ಯಾರು ಹೇಳ್ತಾರೆ?” ಎಂದಳು. ಅವರನ್ನೆಲ್ಲ ಮತ್ತೆ ಒಂದೇ ಪಂಕ್ತಿಯಲ್ಲಿ ಕೂರಿಸುವುದು ಆಗದ ಮಾತು. “ಪತ್ರಿಕೆಗೆ ಬರೀತೀನಿ” ಎಂದೆ. ಅದಕ್ಕೇ ಇದನ್ನು ಬರೆದೆ.

ಈಗ ಸಂಜೆ ನಾಲ್ಕಕ್ಕೆ ಆಕಾಶ ನೋಡುವವಳು ಅವಳು, ಸೊಪ್ಪು ಹೊರುವವನು ನಾನು. ಸಸಿಗಳು ಹಸಿರಾಗಿವೆ, ನನಗೂ ಹಿತವಾಗಿದೆ. ಪ್ರೋಗ್ರಾಂ ಇನ್ನೂ ಕಾಯುತ್ತಿದೆ. ದಿನಚರಿಯ ಫೋಲ್ಡರಿನಲ್ಲೇ ಇಟ್ಟ ಈ ಪ್ರಬಂಧದ ಫೈಲು ಆರೂಕಾಲಿನ ಹೊತ್ತಿಗೆ ಏಳು ಸಲ ಬದಲಾಗಿದೆಯಂತೆ. ಏನು ಬದಲಾಯಿತೆಂದು ಅದು ಹೇಳುವುದಿಲ್ಲ, ನನಗೂ ನೆನಪಿಲ್ಲ. ಆದರೆ ಮೊದಲ ದಿನದ ಪ್ರತಿಯನ್ನು ಸರೋಜ ನಾಗೇಶನ ಕೈಯಲ್ಲಿ ಪೆನ್‌ಡ್ರೈವಿಗೆ ಹಾಕಿಸಿ ಸಾಸಿವೆ ಡಬ್ಬಿಯಲ್ಲಿ ಇಟ್ಟುಕೊಂಡಿದ್ದಾಳೆ. ಒಂದು ಸಲ ಕೊಡು, ಹೋಲಿಸಿ ನೋಡುತ್ತೇನೆ ಎಂದೆ.

“ಅಚ್ಚಾಗಿ ಬರಲಿ,” ಎಂದಳು, “ನಾನೇ ಹೋಲಿಸಿ ನೋಡ್ತೀನಿ.”