ಕಚ್ಚಾ ತೈಲದ ಕಲೆ

ಸುಳ್ಳು ಹೇಳುವುದು ಬೇರೆ, ಜನ ತಪ್ಪು ತಿಳಿದುಕೊಂಡಾಗ ಸುಮ್ಮನಿರುವುದು ಬೇರೆ. ಸುಳ್ಳು ಹೇಳಲು ಧೈರ್ಯ ಬೇಕು, ಯಾರಿಗೆ ಏನು ಹೇಳಿದ್ದೇವೆಂಬ ನೆನಪೂ ಬೇಕು. ಸುಮ್ಮನಿರಲು ಅಂಥದ್ದೇನೂ ಬೇಡ. ಚಹಾ ಕುಡಿಯುತ್ತಾ ಕುಳಿತರೆ ಸಾಕು, ಉಳಿದದ್ದನ್ನು ಊರಿನವರೇ ಬೆಳೆಸಿಕೊಳ್ಳುತ್ತಾರೆ. ನಾನು ಈ ಸುಮ್ಮನಿರುವವರ ಪೈಕಿ. ಇಪ್ಪತ್ತೊಂದು ವರ್ಷ ಗಲ್ಫಿನ ಒಂದು ಎಣ್ಣೆ ಕಂಪೆನಿಯಲ್ಲಿ ದುಡಿದು ಊರಿಗೆ ಬಂದವನು. ಇದು ಅಪ್ಪಟ ಸತ್ಯ. ಆ ಕಂಪೆನಿ ಹಗಲು ರಾತ್ರಿ ನೆಲದಿಂದ ಎಣ್ಣೆ ಎತ್ತುತ್ತಿತ್ತು, ಇದೂ ಸತ್ಯ. ಆದರೆ ಅಷ್ಟು ವರ್ಷಗಳಲ್ಲಿ ನಾನು ಎಣ್ಣೆ ಬಾವಿಯ ಹತ್ತಿರ ಹೋದದ್ದು ಒಂದೇ ಸಲ, ಅದೂ ನಮ್ಮ ಬಸ್ಸಿನ ಡ್ರೈವರನಿಗೆ ದಾರಿ ತಪ್ಪಿದ್ದರಿಂದ. ನನ್ನ ಕೆಲಸ ಇದ್ದದ್ದು ಕಾರ್ಮಿಕರ ಕ್ಯಾಂಪಿನ ಲಾಂಡ್ರಿಯಲ್ಲಿ. ಬಾವಿಯಲ್ಲಿ ದುಡಿದು ಬಂದವರ ಬಟ್ಟೆಗಳನ್ನು ನಾನು ಒಗೆಯುತ್ತಿದ್ದೆ.

ಇದನ್ನು ನಾನು ಮುಚ್ಚಿಟ್ಟೆ ಎಂದು ಯಾರೂ ಹೇಳುವಂತಿಲ್ಲ. ಮದುವೆಯ ಮಾತುಕತೆಗೆ ಕೊಕ್ಕಡಕ್ಕೆ ಹೋದಾಗ ನನ್ನ ದೊಡ್ಡಮ್ಮ, ಹುಡುಗ ಎಣ್ಣೆ ಕಂಪೆನಿಯಲ್ಲಿದ್ದಾನೆ ಎಂದು ಒಂದೇ ಮಾತಿನಲ್ಲಿ ನನ್ನ ಪರಿಚಯ ಮುಗಿಸಿದರು. ಮಾವನವರು ಮಾತ್ರ ಎಂತ ಕೆಲಸ ಎಂದು ಕೇಳಿದರು. ಮೆಷಿನ್ ಆಪರೇಟರ್ ಎಂದೆ. ನನ್ನ ಸಂಬಳದ ಚೀಟಿಯಲ್ಲಿ ಹಾಗೆಯೇ ಬರೆದಿತ್ತು. ಆ ಮೆಷಿನ್ ಎಷ್ಟು ದೊಡ್ಡದು ಎಂದು ಅವರು ಕೇಳಿದ್ದಕ್ಕೆ, ಒಳಗೆ ಒಬ್ಬ ಮನುಷ್ಯ ನಿಲ್ಲಬಹುದು ಎಂದೆ. ಅದೂ ನಿಜವೇ, ಬಾಗಿಲಿನ ರಬ್ಬರ್ ಬದಲಿಸುವಾಗ ನಾನೇ ಒಳಗೆ ನಿಂತಿದ್ದೇನೆ. ಮಾವನವರು ಗೌರವದಿಂದ ತಲೆಯಾಡಿಸಿದರು. ಬಾಗಿಲ ಸಂದಿಯಲ್ಲಿ ನಿಂತು ಕೇಳುತ್ತಿದ್ದ ಶಶಿಕಲಾ ಅದೇ ವೈಶಾಖದಲ್ಲಿ ನನ್ನ ಹೆಂಡತಿಯಾದಳು. ಆಮೇಲೆ ಅವಳು ಕೇಳಲಿಲ್ಲ, ನಾನು ಹೇಳಲಿಲ್ಲ. ಎರಡು ವರ್ಷಕ್ಕೊಮ್ಮೆ ಎರಡು ತಿಂಗಳ ರಜೆಯಲ್ಲಿ ಬಂದವನು ಹೆಂಡತಿಯ ಮುಂದೆ ಕುಳಿತು ಸೋಪಿನ ಪುಡಿಯ ವಿಷಯ ಯಾಕೆ ಮಾತಾಡಬೇಕು?

ಕೆಲಸ ಬಿಟ್ಟು ಬಂದು ತೋಡಾರಿನಲ್ಲಿ ಮನೆ ಮಾಡಿದ ಮೇಲೆ ತೊಂದರೆ ಶುರುವಾಯಿತು. ರಸ್ತೆ ಬದಿಯ ಹೋಟೆಲಿಗೆ ನಾನು ಬೆಳಿಗ್ಗೆ ಚಹಾಕ್ಕೆ ಹೋಗುತ್ತೇನೆ. ಎದುರಿಗೇ ರಿಕ್ಷಾ ಸ್ಟ್ಯಾಂಡು. ಪೆಟ್ರೋಲಿಗೆ ನಾಲ್ಕಾಣೆ ಏರಲಿ, ಎಲ್ಲಿಯೋ ಒಂದು ಯುದ್ಧ ಶುರುವಾಗಲಿ, ರಿಕ್ಷಾದ ಹಮೀದ್ ಸೀದಾ ನನ್ನ ಮೇಜಿಗೆ ಬರುತ್ತಾನೆ. ಕಚ್ಚಾ ತೈಲ ಇಳಿದರೂ ನಮ್ಮಲ್ಲಿ ಯಾಕೆ ಇಳಿಯುವುದಿಲ್ಲ ಎಂದು ಕೇಳುತ್ತಾನೆ. ಉಳಿದವರೂ ಗ್ಲಾಸು ಹಿಡಿದು ಹತ್ತಿರ ಸರಿಯುತ್ತಾರೆ. ಬೆಳಗಿನ ಪತ್ರಿಕೆಯಲ್ಲಿ ಓದಿದ್ದನ್ನೇ ನಾನು ಸ್ವಲ್ಪ ನಿಧಾನವಾಗಿ, ನಡುವೆ ಎರಡು ಸಲ ಉಸಿರು ಬಿಟ್ಟು ಹೇಳುತ್ತಿದ್ದೆ: ಡಾಲರು, ರೂಪಾಯಿ, ತೆರಿಗೆ, ಎಣ್ಣೆ ದೇಶಗಳ ಒಳಜಗಳ. ಅದೇ ಪತ್ರಿಕೆ ಅವರ ಮುಂದೆಯೂ ಬಿದ್ದಿರುತ್ತಿತ್ತು. ಆದರೆ ಗಲ್ಫಿನಲ್ಲಿದ್ದವನ ಬಾಯಿಯಿಂದ ಬಂದರೆ ಅದರ ತೂಕವೇ ಬೇರೆ. ಲಾಕ್‌ಡೌನಿನ ಸಮಯದಲ್ಲಿ ಅಮೆರಿಕದಲ್ಲಿ ಎಣ್ಣೆಯ ದರ ಸೊನ್ನೆಗಿಂತಲೂ ಕೆಳಗೆ ಹೋಯಿತಲ್ಲ, ಆಗ ಹಮೀದ್ ಫೋನ್ ಮಾಡಿ, ಹಾಗಾದರೆ ಟ್ಯಾಂಕು ತುಂಬಿಸಿಕೊಂಡರೆ ಪಂಪಿನವರೇ ನಮಗೆ ಹಣ ಕೊಡಬೇಕಲ್ಲವಾ ಎಂದು ಕೇಳಿದ. ನ್ಯಾಯವಾದ ಪ್ರಶ್ನೆ. ನೋಡುವ ಎಂದೆ. ಅವನಿಗೆ ಸಮಾಧಾನವಾಯಿತು.

ಕೊಕ್ಕಡದಲ್ಲಿ ರಬ್ಬರ್ ತೋಟ ಇರುವ ನನ್ನ ಹೆಂಡತಿಯ ಅಣ್ಣ ಜಗದೀಶ ಭಾವನದ್ದು ಇನ್ನೂ ದೊಡ್ಡ ನಂಬಿಕೆ. ಕಚ್ಚಾ ತೈಲ ಏರಿದರೆ ಕಾರ್ಖಾನೆಯಲ್ಲಿ ಮಾಡುವ ರಬ್ಬರು ದುಬಾರಿಯಾಗುತ್ತದೆ, ಆಗ ತೋಟದ ರಬ್ಬರಿಗೂ ಬೆಲೆ ಬರುತ್ತದೆ ಎಂದು ಯಾರೋ ಅವರ ತಲೆಯಲ್ಲಿ ತುಂಬಿಸಿದ್ದರು. ಯಾರೋ ಎಂದರೆ ನಾನೇ. ಒಮ್ಮೆ ಅವರು ಒಣಗಿಸಿದ ರಬ್ಬರ್ ಶೀಟು ಮಾರುವುದಾ ಇಡುವುದಾ ಎಂದು ಕೇಳಿದಾಗ, ಇಡಿ ಭಾವ, ಎಣ್ಣೆ ಏರುತ್ತದೆ ಎಂದೆ. ಎಣ್ಣೆ ಏರಿತು, ರಬ್ಬರು ಇಳಿಯಿತು. ಅವರು ಆ ಶೀಟುಗಳನ್ನು ಬೂಷ್ಟು ಬರುವವರೆಗೂ ಇಟ್ಟುಕೊಂಡರು. ನನ್ನ ಮೇಲೆ ಮಾತ್ರ ಸಿಟ್ಟು ಮಾಡಲಿಲ್ಲ. ಎಣ್ಣೆಯ ವಿಷಯದಲ್ಲಿ ಭಾವ ಹೇಳಿದ್ದು ಸರಿಯೇ, ರಬ್ಬರಿಗೆ ಬುದ್ಧಿ ಇಲ್ಲ ಎಂದು ಎಲ್ಲರ ಹತ್ತಿರ ಹೇಳಿಕೊಂಡು ತಿರುಗಿದರು.

ಹೀಗಿರುವಾಗ ಕಳೆದ ಮೇ ತಿಂಗಳ ಕೊನೆಯಲ್ಲಿ ಅಜಿತ ಮಾಸ್ಟ್ರು ನಮ್ಮ ಮನೆಗೆ ಬಂದರು. ಮೂಡುಬಿದಿರೆಯ ಹಳೆಯ ಜೈನ ಮನೆತನದವರು, ನಿವೃತ್ತರಾಗಿ ಹತ್ತು ವರ್ಷವಾದರೂ ಹೈಸ್ಕೂಲನ್ನು ಬಿಡದವರು. ಪರಿಸರ ದಿನಕ್ಕೆ ಪ್ರತಿ ವರ್ಷ ಗಿಡ ನೆಡುವುದೇ ಆಯಿತು, ಅದೂ ಅದೇ ಗುಂಡಿಯಲ್ಲಿ, ಈ ಸಲ ಒಂದು ಉಪನ್ಯಾಸ ಇರಲಿ ಎಂದರು. ವಿಷಯವನ್ನು ಅವರೇ ಬರೆದು ತಂದಿದ್ದರು: ಜಗತ್ತಿನ ತೈಲ, ಅದರ ಉತ್ಪಾದನೆ, ಬಳಕೆ, ಬೆಲೆ ಮತ್ತು ಪರಿಸರದ ಮೇಲೆ ಪರಿಣಾಮ. ನನಗೆ ಬೇಡ ಎನ್ನಬೇಕೆಂದಿತ್ತು. ಬಾಯಿ ತೆರೆಯುವಷ್ಟರಲ್ಲಿ ಒಳಗಿನಿಂದ ಶಶಿಕಲಾ ಶರಬತ್ತು ತಂದು, ಇವರು ಬರ್ತಾರೆ ಮಾಸ್ಟ್ರೇ, ಇವರಿಗೆ ಅದೆಲ್ಲ ಬಾಯಿಪಾಠ ಎಂದುಬಿಟ್ಟಳು. ಮೂರು ದಿನದಲ್ಲಿ ಆಮಂತ್ರಣ ಪತ್ರಿಕೆ ಬಂತು. ನನ್ನ ಹೆಸರಿನ ಕೆಳಗೆ 'ತೈಲ ತಜ್ಞರು' ಎಂದಿತ್ತು. ಶಶಿಕಲಾ ಅದರ ಫೋಟೋ ತೆಗೆದು ಕುಟುಂಬದ ಎಲ್ಲ ವಾಟ್ಸಾಪ್ ಗುಂಪುಗಳಿಗೂ ಕಳಿಸಿದಳು. ಜಗದೀಶ ಭಾವ ಜೀಪಿನಲ್ಲಿ ಬರುತ್ತೇನೆಂದು ಉತ್ತರ ಕೊಟ್ಟರು.

ಆ ಒಂದು ವಾರ ನಾನು ಓದಿದಷ್ಟು ಎಸ್ಸೆಸ್ಸೆಲ್ಸಿಯಲ್ಲಿ ಓದಿದ್ದರೆ ಲಾಂಡ್ರಿಗೆ ಹೋಗುವ ಪ್ರಸಂಗವೇ ಬರುತ್ತಿರಲಿಲ್ಲ. ಒಂದು ಬ್ಯಾರಲ್ ಎಂದರೆ ಸುಮಾರು ನೂರ ಐವತ್ತೊಂಬತ್ತು ಲೀಟರ್. ಜಗತ್ತು ಒಂದು ದಿನಕ್ಕೆ ಕುಡಿಯುವುದು ಹತ್ತು ಕೋಟಿ ಬ್ಯಾರಲಿನಷ್ಟು. ನಮಗೆ ಬೇಕಾದದ್ದರಲ್ಲಿ ಬಹುಪಾಲು ಹೊರಗಿನಿಂದ ಬರಬೇಕು. ಇವನ್ನೆಲ್ಲ ಫೋನಿನಿಂದ ನೋಡಿ ರಟ್ಟಿನ ಚೀಟಿಗಳಲ್ಲಿ ಬರೆದುಕೊಂಡೆ. ಎಣ್ಣೆ ಕಂಪೆನಿಯಲ್ಲಿ ಅಷ್ಟು ವರ್ಷ ಇದ್ದವನಿಗೆ ಬ್ಯಾರಲಿನ ಅಳತೆ ಗೊತ್ತಾದದ್ದು ತೋಡಾರಿನ ಜಗಲಿಯಲ್ಲಿ.

ಜೂನ್ ಐದಕ್ಕೆ ಶಾಲೆಯ ಸಭಾಂಗಣ ತುಂಬಿತ್ತು. ಮಕ್ಕಳು ನೆಲದ ಮೇಲೆ, ಹೆತ್ತವರು ಹಿಂದೆ ಕುರ್ಚಿಗಳಲ್ಲಿ. ಹಸಿರು ಸೀರೆ ಉಟ್ಟ ಶಶಿಕಲಾ ಅಣ್ಣನ ಪಕ್ಕದಲ್ಲಿ ಕುಳಿತಿದ್ದಳು. ನಾನು ಚೀಟಿ ನೋಡಿಕೊಂಡು ಉತ್ಪಾದನೆ ಮುಗಿಸಿದೆ, ಬಳಕೆ ಮುಗಿಸಿದೆ, ಬೆಲೆಯ ಹತ್ತಿರ ಬಂದಾಗ ಹೋಟೆಲಿನ ಅಭ್ಯಾಸದಿಂದ ಧ್ವನಿ ತಾನಾಗಿ ಗಂಭೀರವಾಯಿತು. ಹೊಗೆಯಿಂದ ಭೂಮಿ ಬಿಸಿಯಾಗುವುದನ್ನೂ ಹೇಳಿ ಕುಳಿತೆ. ಚಪ್ಪಾಳೆ ಬಂತು. ಗೆದ್ದೆ ಎಂದುಕೊಂಡೆ. ಆಗ ಅಜಿತ ಮಾಸ್ಟ್ರು, ಮಕ್ಕಳೇ, ಏನಾದರೂ ಕೇಳುವುದಿದ್ದರೆ ಕೇಳಿ ಎಂದರು. ಮೂರನೇ ಸಾಲಿನಲ್ಲಿ ಎರಡು ಜಡೆಯ ಒಬ್ಬಳು ಹುಡುಗಿ ಎದ್ದು ನಿಂತಳು.

"ಸರ್, ಕಚ್ಚಾ ತೈಲದ ವಾಸನೆ ಹೇಗಿರ್ತದೆ?"

ಚೀಟಿಗಳಲ್ಲಿ ಅದು ಇರಲಿಲ್ಲ. ಆದರೆ ಮೂಗಿನಲ್ಲಿತ್ತು. ಊರಿಗೆ ಬಂದ ಮೇಲೆ ನನಗೆ ನಿಜವಾಗಿ ಗೊತ್ತಿದ್ದ ವಿಷಯದ ಬಗ್ಗೆ ಬಂದ ಮೊದಲ ಪ್ರಶ್ನೆ ಅದು. ನಾನು ಎದ್ದು ಹೇಳತೊಡಗಿದೆ. ಮೊದಲು ಕೊಳೆತ ಮೊಟ್ಟೆಯ ಹಾಗೆ, ಆಮೇಲೆ ಡಾಂಬರು ಕಾಸುವಾಗ ಬರುವ ಹಾಗೆ, ಬಿಸಿಲಿಗೆ ಒಣಗಿದ ಮೇಲೆ ಒಂದು ಥರ ಸಿಹಿ. ಬಾವಿಯ ಬಾಯಲ್ಲಿ ದುಡಿದವನ ಬಟ್ಟೆಯಲ್ಲಿ ಒಂದು ವಾಸನೆ, ಪೈಪು ಜೋಡಿಸುವವನದರಲ್ಲಿ ಇನ್ನೊಂದು. ಕಣ್ಣು ಮುಚ್ಚಿ ಮೂಸಿದರೂ ಯಾರು ಎಲ್ಲಿ ಕೆಲಸ ಮಾಡಿದ್ದಾರೆಂದು ಹೇಳಬಹುದು ಎಂದೆ. ಆ ಹುಡುಗಿ ಕುಳಿತುಕೊಳ್ಳಲಿಲ್ಲ. ಅವರ ಬಟ್ಟೆ ನೀವು ಯಾಕೆ ಮೂಸಿದ್ದು ಸರ್ ಎಂದು ಕೇಳಿದಳು. ಇಡೀ ಸಭೆ ನಕ್ಕಿತು. ನನಗೂ ನಗು ಬಂತು. ನಕ್ಕ ಮೇಲೆ ಪುನಃ ಗಂಭೀರವಾಗಿ ಏನನ್ನಾದರೂ ಹೆಣೆಯುವುದು ನನ್ನಿಂದ ಆಗಲಿಲ್ಲ.

"ನಾನು ಅಲ್ಲಿ ಬಟ್ಟೆ ಒಗೆಯುತ್ತಿದ್ದೆ ಮಗಾ," ಎಂದೆ. "ಇಪ್ಪತ್ತೊಂದು ವರ್ಷವೂ ಅದೇ ಕೆಲಸ."

ಹಸಿರು ಸೀರೆ ಇದ್ದ ಕಡೆಗೆ ನಾನು ನೋಡಲಿಲ್ಲ. ನಿಲ್ಲಿಸಿದರೆ ನೋಡಬೇಕಾಗುತ್ತದೆಂದು ಮಾತು ಮುಂದುವರಿಸಿದೆ. ಅಂಗಿ, ಪ್ಯಾಂಟು ಒಂದೇ ಆಗಿ ಹೊಲಿದ ಆ ದಪ್ಪ ಬಟ್ಟೆಗಳು ದಿನಕ್ಕೆ ಎಂಟು ನೂರು ಬರುತ್ತಿದ್ದದ್ದನ್ನೂ, ಮೆಷಿನಿನೊಳಗೆ ನಿಂತು ಬಾಗಿಲಿನ ರಬ್ಬರ್ ಬದಲಿಸುತ್ತಿದ್ದದ್ದನ್ನೂ ಹೇಳಿದೆ. ಅವುಗಳ ಮೇಲೆ ಹೆಸರಿರಲಿಲ್ಲ, ನಂಬರ್ ಇತ್ತು. ಮುಖ ನೋಡದ ಎಷ್ಟೋ ಮಂದಿಯ ಮೊಣಕಾಲು ಎಲ್ಲಿ ಸವೆಯುತ್ತದೆಂದು ನನಗೆ ಗೊತ್ತಿತ್ತು. ಆಮೇಲೆ ಒಗೆದ ನೀರಿನ ವಿಷಯ ಹೇಳಿದೆ. ಆ ಕಪ್ಪು ನೀರು ಒಂದು ಪೈಪಿನಲ್ಲಿ ಕ್ಯಾಂಪಿನ ಹಿಂದಿನ ಮರಳಿಗೆ ಹೋಗುತ್ತಿತ್ತು. ನಾನು ಸೇರಿದ ವರ್ಷ ಅಲ್ಲಿ ಮೊಣಕಾಲೆತ್ತರದ ಮುಳ್ಳುಪೊದೆಗಳಿದ್ದವು, ಅವುಗಳ ಬುಡದಲ್ಲಿ ಓತಿಕ್ಯಾತಗಳಿದ್ದವು. ಊಟದ ಬಿಡುವಿನಲ್ಲಿ ಅವಕ್ಕೆ ಅನ್ನದ ಅಗುಳು ಹಾಕುತ್ತಿದ್ದೆ. ಅವು ತಿನ್ನುತ್ತಿರಲಿಲ್ಲ, ಆದರೂ ಹಾಕುತ್ತಿದ್ದೆ. ಏಳೆಂಟು ವರ್ಷಗಳಲ್ಲಿ ಪೊದೆಯೂ ಹೋಯಿತು, ಅವೂ ಹೋದವು. ಕೊನೆಗೆ ಕಂಪೆನಿಯವರು ಆ ನೀರನ್ನು ಶುದ್ಧ ಮಾಡುವ ಟ್ಯಾಂಕು ಕಟ್ಟಿದರು. ಪೊದೆ ಮಾತ್ರ ತಿರುಗಿ ಬರಲಿಲ್ಲ. ಜಗತ್ತಿನ ಪರಿಸರಕ್ಕೆ ಎಷ್ಟು ಹಾನಿಯಾಗಿದೆ ಎಂಬುದು ನಾನು ಓದಿ ಹೇಳಿದ್ದು, ಕಬಡ್ಡಿ ಅಂಗಳದಷ್ಟು ಜಾಗಕ್ಕೆ ಏನಾಯಿತೆಂದು ಮಾತ್ರ ಕಣ್ಣಾರೆ ನೋಡಿದ್ದೇನೆ ಎಂದೆ. ಅದರ ಒಂದು ಪಾಲು ನನ್ನ ಕೈಯಿಂದಲೇ ಆದದ್ದು ಎಂದೂ ಹೇಳಿದೆ.

ಆಮೇಲೆ ಮಕ್ಕಳು ಅರ್ಧ ಗಂಟೆ ಬಿಡಲಿಲ್ಲ. ಓತಿಕ್ಯಾತ ಯಾವ ಬಣ್ಣದ್ದು, ಮೆಷಿನಿನೊಳಗೆ ನಿಂತಾಗ ಹೆದರಿಕೆ ಆಗಲಿಲ್ಲವಾ, ಹೀಗೆ. ಬ್ಯಾರಲಿಗೆ ಎಷ್ಟು ಲೀಟರ್ ಎಂದು ಒಬ್ಬರೂ ಕೇಳಲಿಲ್ಲ. ಅಜಿತ ಮಾಸ್ಟ್ರು ಮೈಕು ಹಿಡಿದು, ಇಂಥ ಪಾಠ ನಮ್ಮ ಪುಸ್ತಕದಲ್ಲಿ ಇಲ್ಲ ಎಂದು ಹೇಳಿ ನನಗೆ ಶಾಲು ಹೊದೆಸಿದರು. ತೈಲ ತಜ್ಞನಿಗೆಂದು ತರಿಸಿದ ಶಾಲು ಲಾಂಡ್ರಿಯವನಿಗೂ ಸರಿಯಾಗಿ ಕುಳಿತಿತು.

ತಿರುಗಿ ಬರುವಾಗ ಜೀಪಿನಲ್ಲಿ ಶಶಿಕಲಾ ಹಿಂದೆ ಕುಳಿತು ಹೊರಗೆ ನೋಡುತ್ತಿದ್ದಳು. ತೋಡಾರು ಹತ್ತಿರ ಬಂದಾಗ ಜಗದೀಶ ಭಾವ ಮೆಲ್ಲನೆ ಬಾಯಿ ಬಿಟ್ಟರು. "ಭಾವ, ಅಂದು ನೀವು ರಬ್ಬರ್ ಶೀಟಿನ ವಿಷಯ ಹೇಳಿದ್ದು ಯಾವ ಆಧಾರದಲ್ಲಿ?" ಪೇಪರಿನ ಆಧಾರದಲ್ಲಿ ಎಂದೆ. ಅವರು ಗೇರು ಬದಲಿಸಿದರು. ಆ ಗೇರು ಬಿದ್ದ ಸದ್ದನ್ನು ನಾನು ಇನ್ನೂ ಮರೆತಿಲ್ಲ.

ಮನೆಯಲ್ಲಿ ನಾನು ಎಲ್ಲಕ್ಕೂ ಸಿದ್ಧನಾಗಿ ಕುಳಿತೆ. ನಿನಗೆ ಮೋಸ ಮಾಡಬೇಕೆಂದಿರಲಿಲ್ಲ, ಚೀಟಿಯಲ್ಲಿ ಆಪರೇಟರ್ ಎಂದೇ ಇತ್ತು, ದುಡಿಮೆಯಲ್ಲಿ ಮೇಲು ಕೀಳಿಲ್ಲ ಎಂದು ಮನಸ್ಸಿನಲ್ಲಿಯೇ ಜೋಡಿಸಿಕೊಂಡೆ. ಶಶಿಕಲಾ ಸೀರೆ ಬದಲಿಸಿ ಬಂದು ಎದುರಿಗೆ ಕುಳಿತಳು. ಮುಖದಲ್ಲಿ ಸಿಟ್ಟು ಕಾಣಲಿಲ್ಲ, ಅದೇ ಹೆದರಿಕೆ ಹುಟ್ಟಿಸುವಂತಿತ್ತು. ಅಲ್ಲಿ ಎಲ್ಲವನ್ನೂ ಮೆಷಿನಿಗೆ ಹಾಕುವುದಾ, ಕೈಯಲ್ಲಿಯೂ ಒಗೆಯುವುದುಂಟಾ ಎಂದು ಸಹಜವಾಗಿ ಕೇಳಿದಳು. ಕೆಲಸದ ಬಗ್ಗೆ ಕೇಳುತ್ತಿದ್ದಾಳೆಂದು ನನಗೆ ಹೆಮ್ಮೆಯಾಯಿತು. ಕಾಲರು, ಮೊಣಕಾಲು, ತೋಳಿನ ಅಂಚು ಎಲ್ಲ ಮೊದಲು ಕೈಯಲ್ಲೇ ಉಜ್ಜಬೇಕು, ಅದರಲ್ಲಿ ಇಡೀ ಕ್ಯಾಂಪಿಗೆ ನಾನೇ ಮೊದಲಿಗ ಎಂದೆ. ಅಲ್ಲಿಗೆ ನನ್ನ ಕಥೆ ಮುಗಿಯಿತು.

"ಲಾಂಡ್ರಿಯಾದರೆ ಲಾಂಡ್ರಿ, ಅದರಲ್ಲಿ ನಾಚಿಕೆ ಎಂತದ್ದು," ಎಂದಳು. "ಆದರೆ ಪ್ರತಿ ರಜೆಯಲ್ಲೂ ನಾನು ಬೆನ್ನು ಬಗ್ಗಿಸಿ ಕಲ್ಲಿನ ಮೇಲೆ ಒಗೆಯುವಾಗ ನೀವು ಜಗಲಿಯಲ್ಲಿ ಕೂತು ಕಾಲರು ಸರಿಯಾಗಲಿಲ್ಲ ಅಂತ ಹೇಳ್ತಿದ್ರಲ್ಲ. ಇಷ್ಟೆಲ್ಲ ಗೊತ್ತಿದ್ದುಕೊಂಡು ಒಂದು ದಿನ ಎದ್ದು ಬರ್ಲಿಕ್ಕೆ ಆಗಲಿಲ್ಲವಾ?"

ನಾನು ಜೋಡಿಸಿಟ್ಟ ಮಾತುಗಳಲ್ಲಿ ಒಂದೂ ಇದಕ್ಕೆ ಹೊಂದುವಂಥದ್ದಿರಲಿಲ್ಲ. ಕಾಲರಿನ ಮಾತನ್ನು ನಾನು ಹೇಳಿದ್ದು ನಿಜ. ಕಲೆ ಕಂಡರೆ ಹೇಳದಿರಲು ಆಗದ ವೃತ್ತಿ ನನ್ನದು. ಆದರೆ ಅಷ್ಟು ವರ್ಷ ಅವಳು ಅದನ್ನು ಮನಸ್ಸಿನಲ್ಲಿಟ್ಟುಕೊಂಡಿದ್ದಾಳೆಂದು ಗೊತ್ತಿರಲಿಲ್ಲ. ತಪ್ಪಾಯಿತು ಎಂದೆ. ಅವಳು ತಲೆಯಾಡಿಸಿ ಅಡುಗೆಮನೆಗೆ ಹೋದಳು. ಮರುದಿನ ಬೆಳಿಗ್ಗೆ ಬಚ್ಚಲಿನ ಹೊರಗೆ ಬಕೆಟು, ಸೋಪು, ಬ್ರಷ್ಷು ಸಾಲಾಗಿ ನನಗಾಗಿ ಕಾದಿದ್ದವು.

ಹೋಟೆಲಿನಲ್ಲಿ ನನ್ನ ಮಾನ ಹೋಗುತ್ತದೆಂದು ಎರಡು ದಿನ ಆ ಕಡೆಗೆ ಹೋಗಲಿಲ್ಲ. ಮೂರನೆಯ ದಿನ ಹೋದರೆ ಹಮೀದ್ ಎಂದಿನಂತೆ ಎದುರಿಗೆ ಕುಳಿತು, ಸಮುದ್ರದಲ್ಲಿ ಹಡಗು ತಡೆದಿದ್ದಾರಂತೆ, ಇನ್ನು ಪೆಟ್ರೋಲ್ ಏರ್ತದಾ ಎಂದು ಕೇಳಿದ. ನಾನು ಲಾಂಡ್ರಿಯವನೆಂದು ಅವನಿಗೆ ಗೊತ್ತಾಗಿದೆಯೋ ಇಲ್ಲವೋ ಎಂದು ಅನುಮಾನಿಸುತ್ತಲೇ, ಏರಬಹುದು, ನೋಡುವ ಎಂದೆ. ಅವನು ಮತ್ತು ಸುತ್ತಲಿನವರು ಗಂಭೀರವಾಗಿ ಒಪ್ಪಿಕೊಂಡರು. ಆಮೇಲೆ ಅವನು ತನ್ನ ಖಾಕಿ ಅಂಗಿಯ ಮೇಲಿನ ಗ್ರೀಸಿನ ಕಲೆ ತೋರಿಸಿ, ಇದಕ್ಕೆ ಎಂತ ಮಾಡುವುದು ಎಂದ. ಗೊತ್ತಾಗಿತ್ತು! ಮೊದಲು ನೀರು ತಾಗಿಸಬೇಡ, ಒಣ ಬಟ್ಟೆಯಲ್ಲಿ ಒತ್ತಿ ತೆಗೆ, ಪಾತ್ರೆ ತೊಳೆಯುವ ಸೋಪು ಹಚ್ಚಿ ಅರ್ಧ ಗಂಟೆ ಬಿಡು, ಆಮೇಲೆ ಬಿಸಿನೀರು ಎಂದು ನನ್ನ ಅಷ್ಟು ವರ್ಷಗಳ ಅನುಭವವನ್ನು ಅವನ ಮುಂದಿಟ್ಟೆ. ಹಮೀದ್ ಸ್ವಲ್ಪ ಯೋಚಿಸಿ, ಹಾಗಲ್ಲ ಸದಾನಂದಣ್ಣ, ಸೀಮೆಎಣ್ಣೆ ಹಾಕಿದರೆ ಹೋಗ್ತದೆ ಅಂತ ನನ್ನ ಹೆಂಡತಿ ಹೇಳಿದ್ದಾಳೆ ಎಂದ. ಎಲ್ಲರೂ ಅದನ್ನೇ ಸರಿ ಎಂದರು.

ಈಗ ವರ್ಷವಾಗುತ್ತಾ ಬಂತು. ಇಬ್ಬರ ಬಟ್ಟೆಯನ್ನೂ ನಾನೇ ಒಗೆಯುತ್ತೇನೆ. ಮೆಷಿನ್ ತರುವ ಎಂದು ಶಶಿಕಲಾ ಒಂದೆರಡು ಸಲ ಮೆತ್ತಗಾಗಿ ಹೇಳಿದಳು, ಬೇಡ ಎಂದೆ. ಪ್ರಾಯಶ್ಚಿತ್ತ ಎಂದುಕೊಂಡು ಅವಳು ಸುಮ್ಮನಾದಳು. ನಿಜ ಹೇಳಬೇಕೆಂದರೆ ಬೆಳಗಿನ ಬಿಸಿಲಿನಲ್ಲಿ, ಕೈಯಲ್ಲಿ ನೊರೆ ತುಂಬಿಕೊಂಡು, ಯಾರಿಗೂ ಯಾವುದರ ದರವನ್ನೂ ಹೇಳಬೇಕಾಗಿಲ್ಲದ ಆ ಒಂದು ಗಂಟೆಯಷ್ಟು ಸುಖ ನನಗೆ ದಿನದಲ್ಲಿ ಇನ್ನೆಲ್ಲೂ ಸಿಗುವುದಿಲ್ಲ. ಇದು ಅವಳಿಗೆ ತಿಳಿದರೆ ಶಿಕ್ಷೆ ಸಾಲದೆಂದು ತೆಂಗಿನಕಾಯಿ ತುರಿಯುವುದನ್ನೂ ಕೊಟ್ಟಾಳು. ಆದ್ದರಿಂದ ಅವಳು ಆ ಕಡೆ ಹಾದು ಹೋಗುವಾಗಲೆಲ್ಲ ನಾನು ಸೊಂಟ ಹಿಡಿದುಕೊಂಡು ಒಮ್ಮೆ ಜೋರಾಗಿ ನರಳುತ್ತೇನೆ.