ಒಂದೇ ಕುರ್ಚಿಯ ಸನ್ಮಾನ

ಊರು ಬಿಟ್ಟು ಬಂದವರು ಉಪ್ಪಿನಕಾಯಿಯ ಜೊತೆಗೆ ತಪ್ಪದೆ ತರುವ ಇನ್ನೊಂದು ಸಾಮಾನು ಸನ್ಮಾನ. ಅದು ಕಸ್ಟಮ್ಸ್‌ನವರ ಕೈಗೆ ಸಿಗುವುದಿಲ್ಲ. ತೊಂಬತ್ತರ ದಶಕದ ಸಿಂಗಪುರದಲ್ಲಿ ನಮ್ಮ ಕನ್ನಡದವರ ಕೂಟಕ್ಕೆ ಯಾರು ಕಂಡರೂ ಶಾಲು ಹೊದಿಸುವ ಚಪಲ. ಕೊನೆಗೆ ನನ್ನ ಸರದಿಯೂ ಬಂತು.

ನಾನು ಇತಿಹಾಸ ಬರೆಯುವವಳು. ಅಮೆರಿಕದ ಹಾಡು, ಸಿನಿಮಾ, ಜೀನ್ಸು, ಮೆರವಣಿಗೆಗಳ ಮೇಲೆ ವರ್ಷಗಟ್ಟಲೆ ಕೂತು ಒಂದು ಪುಸ್ತಕ ಬರೆದೆ. ಅದರಲ್ಲಿ ನನಗೆ ಜೀವವಾದ ಅಧ್ಯಾಯವೆಂದರೆ, ಹೋಟೆಲಿನಲ್ಲಿ ಬಿಳಿಯರಿಗೆ ಮೀಸಲಾದ ಕುರ್ಚಿಗಳಲ್ಲಿ ಕೂತು, ತಲೆಯ ಮೇಲೆ ಸಾಸ್ ಸುರಿದರೂ ಏಳದ ಕಪ್ಪು ವಿದ್ಯಾರ್ಥಿಗಳದು. ಇದನ್ನೆಲ್ಲ ನಮ್ಮವರಿಗೆ ವಿವರಿಸಿದರೆ, "ಹಾಗಾದ್ರೆ ಆಂಟಿ, ನಿಮಗೆ ಯು.ಎಸ್. ವೀಸಾ ಪ್ರೊಸೀಜರ್ ಎಲ್ಲಾ ಗೊತ್ತಿರತ್ತೆ ಅಲ್ವಾ?" ಎನ್ನುತ್ತಿದ್ದರು. ಹಾಗಾಗಿ ಸನ್ಮಾನವೆಂದಾಗ ಆಸೆಯಾದದ್ದು ಸುಳ್ಳಲ್ಲ. ಒಮ್ಮೆಯಾದರೂ ಇವರ ಮುಂದೆ ಪುಸ್ತಕ ಬರೆದವಳಾಗಿ ಕೂರಬೇಕೆಂದಿತ್ತು.

ಪಾಸಿರ್ ರಿಸ್‌ನ ನಮ್ಮ ಫ್ಲಾಟುಗಳ ಬ್ಲಾಕಿನ ಕೆಳಗೆ, ಗೋಡೆಗಳಿಲ್ಲದ ಖಾಲಿ ನೆಲ ಅಂತಸ್ತಾದ ವಾಯ್ಡ್ ಡೆಕ್‌ನಲ್ಲಿ, ಮಕ್ಕಳ ವೇಷಭೂಷಣಕ್ಕೂ ಬಿಸಿಬೇಳೆಬಾತಿಗೂ ನಡುವೆ ನನ್ನನ್ನು ಕರೆದರು. ವೇದಿಕೆಯ ಮೇಲೆ ಒಂದೇ ಕುರ್ಚಿ. ನಾನು ಕೂತು ಸೆರಗು ಸರಿಮಾಡಿಕೊಳ್ಳುವಷ್ಟರಲ್ಲಿ ಕಾರ್ಯದರ್ಶಿ ಶ್ರೀಪತಿ ಮೈಕಿನಲ್ಲೇ ಕೂಗಿದರು: "ಸರ್ ಎಲ್ಲಿ? ದಂಪತಿಗೇ ಮಾಡೋದು ನಮ್ಮ ಪದ್ಧತಿ. ಬನ್ನಿ ಸರ್, ನೀವು ಕೂತ್ಕೊಳ್ಳಿ. ಮೇಡಂ, ನೀವು ಸ್ವಲ್ಪ ಹಿಂದೆ ನಿಂತ್ಕೊಂಡ್ರೆ ಫೋಟೋ ಚೆನ್ನಾಗಿ ಬರತ್ತೆ."

ನನ್ನ ಪುಸ್ತಕದ ಅರ್ಪಣೆಯ ಪುಟವನ್ನೂ ದಾಟದ ನನ್ನ ಗಂಡನಿಗೆ ಪೇಟ, ಶಾಲು, ಹಾರ. ನನಗೆ ಅರಿಶಿನ ಕುಂಕುಮ, ರವಿಕೆ ಕಣ. "ನಾನೇನೇ ಮಾಡ್ಲಿ?" ಎಂದು ಅವರು ಪೇಟ ಸರಿಮಾಡಿಕೊಳ್ಳುತ್ತಲೇ ಪಿಸುಗುಟ್ಟಿದರು. ಅವಮಾನಕ್ಕೆ ಮೈಯೆಲ್ಲ ಉರಿಯಿತು. ಭಾಷಣಕ್ಕೆ ಮೈಕು ಕೊಟ್ಟಾಗ ಆ ಕಪ್ಪು ವಿದ್ಯಾರ್ಥಿಗಳ ಕಥೆಯನ್ನೇ ಎತ್ತಿಕೊಂಡೆ. ಯಾರು ಗದರಿದರೂ ಅವರು ಏಳಲಿಲ್ಲ ಎನ್ನುವಷ್ಟರಲ್ಲಿ ಶ್ರೀಪತಿ ಹತ್ತಿರ ಬಂದು, "ಮೇಡಂ, ಊಟ ಆರ್ತಾ ಇದೆ" ಎಂದರು. ಸಭೆಗೆ ಸಭೆಯೇ ಎದ್ದು ತಟ್ಟೆಯ ಕಡೆ ನಡೆಯಿತು.

ಮನೆಗೆ ಬಂದ ಮೇಲೆ ಮಗಳು ತನ್ನ ಸಿಂಗಪುರದ 'ಲಾ' ಬಾಲ ಸೇರಿಸಿ ಕೇಳಿದಳು, "ಬುಕ್ ಬರ್ದಿದ್ದು ನೀನು ತಾನೇ ಅಮ್ಮಾ? ಸುಮ್ನೆ ಯಾಕೆ ನಿಂತಿದ್ದೆ ಲಾ?" ಪದ್ಧತಿ, ಗಂಡಸರು, ಶ್ರೀಪತಿ ಎಂದು ಒಂದು ಗಂಟೆ ಬೈದೆ. ಮುಂದಿನ ವಾರ ಫೋಟೋ ಬಂತು. ಪೇಟದ ಹಿಂದೆ ನಾನು, ಬಾಯ್ತುಂಬ ನಗು. ಎಬ್ಬಿಸಿದರೂ ಏಳದವರ ಬಗ್ಗೆ ಅಷ್ಟೆಲ್ಲ ಬರೆದವಳು ಒಂದೇ ಮಾತಿಗೆ ಎದ್ದು ನಿಂತಿದ್ದೆ. ಏಳುವಾಗ ಕುರ್ಚಿಯನ್ನು ಸೆರಗಿನಿಂದ ಒರೆಸಿಯೂ ಕೊಟ್ಟಿದ್ದೆ.