ಕಣಿವೆಯ ಊರಿನಲ್ಲಿ ಉಳಿದುಹೋದ ನಮ್ಮ ಅತ್ತೆಯವರ ವಿಷಯವಾಗಿ

ಕುಟುಂಬ ಪ್ರವಾಸ ಸಂಸ್ಥೆಯ ವ್ಯವಸ್ಥಾಪಕರ ಸಮ್ಮುಖಕ್ಕೆ,

ಮಾನ್ಯರೇ,

ತಾವೂ ತಮ್ಮ ಕಚೇರಿಯ ಸಿಬ್ಬಂದಿಯೂ ತಮ್ಮ ಬಸ್ಸಿನ ಆರೂ ಚಕ್ರಗಳೂ ಕ್ಷೇಮವಾಗಿರುವಿರೆಂದು ನಂಬಿದ್ದೇನೆ. ತಾವು ದಯಮಾಡಿ ಕಳಿಸಿದ ಪತ್ರ, ಅದರ ಜೊತೆ ಲಗತ್ತಿಸಿದ್ದ ಹೇಳಿಕೆಯ ನಮೂನೆ ಎರಡೂ ಕಳೆದ ಸೋಮವಾರ ನಮ್ಮ ಕೈಸೇರಿದವು. ‘ನಾನು ವಯೋಸಹಜ ಮರೆವಿನಿಂದ ತಂಡವನ್ನು ಬಿಟ್ಟು ಹೋದೆ, ಇದರಲ್ಲಿ ಸಂಸ್ಥೆಯ ಲೋಪವೇನೂ ಇರುವುದಿಲ್ಲ’ ಎಂಬ ವಾಕ್ಯದ ಕೆಳಗೆ ನಮ್ಮ ಅತ್ತೆಯವರು ಸಹಿ ಹಾಕಿ ಹದಿನೈದು ದಿನದೊಳಗೆ ಹಿಂದಿರುಗಿಸಬೇಕೆಂದು ತಾವು ಅಪ್ಪಣೆ ಕೊಡಿಸಿದ್ದೀರಿ. ಮರೆವಿರುವವರಿಗೆ ಸಹಿಯ ಜಾಗ ಹುಡುಕುವ ಕಷ್ಟ ಆಗಬಾರದೆಂದು ಅಲ್ಲೊಂದು ಪೆನ್ಸಿಲ್ ಗುರುತನ್ನೂ ಹಾಕಿಸಿದ್ದೀರಿ. ಇಷ್ಟು ಕಾಳಜಿಯನ್ನು ನಾವು ತಮ್ಮ ಬಸ್ಸಿನಲ್ಲಿ ಕಳೆದ ಮೂರು ದಿನಗಳಲ್ಲಿ ಕಂಡಿರಲಿಲ್ಲವಾದ್ದರಿಂದ ಕಣ್ಣು ತುಂಬಿ ಬಂತು. ಉತ್ತರವನ್ನು ಫೋನಿನಲ್ಲೇ ಹೇಳೋಣವೆಂದು ನಾಲ್ಕು ಸಲ ಪ್ರಯತ್ನಿಸಿದೆ. ನಾಲ್ಕೂ ಸಲ ತಾವು ಕೊಳಲಿನ ಸಂಗೀತ ಕೇಳಿಸಿದಿರಿ. ಆದ್ದರಿಂದ ಈ ಬಹಿರಂಗ ಪತ್ರ.

ನಾನು ಹೈಸ್ಕೂಲಿನಲ್ಲಿ ಭೂಗೋಳ ಕಲಿಸುವವಳು. ನಮ್ಮ ಪುಟ್ಟ ದೇಶದ ಮುಕ್ಕಾಲು ಪಾಲು ಬೆಟ್ಟ, ಉಳಿದ ಕಾಲು ಪಾಲಿನಲ್ಲಿ ಜನ ಎಂದು ಹದಿನಾರು ವರ್ಷದಿಂದ ಬಯಲುಸೀಮೆಯ ಕಪ್ಪುಹಲಗೆಯ ಮೇಲೆ ಬರೆದುಕೊಂಡು ಬಂದಿದ್ದರೂ ಆ ಮುಕ್ಕಾಲು ಪಾಲನ್ನು ಕಣ್ಣಾರೆ ಕಂಡಿರಲಿಲ್ಲ. ದೂರದ ಬೆಟ್ಟ ನುಣ್ಣಗೆ ಎಂಬ ಗಾದೆಯನ್ನೇ ನಂಬಿಕೊಂಡು ಕಾಲ ಹಾಕಿದ್ದೆ. ‘ಇತಿಹಾಸ ಮತ್ತು ಪ್ರಕೃತಿ: ಸಕುಟುಂಬ ದರ್ಶನ’ ಎಂಬ ತಮ್ಮ ಬಣ್ಣದ ಪುಸ್ತಿಕೆ ನೋಡಿ ನಾವು ನಾಲ್ವರು ಹೊರಟೆವು: ನಾನು, ಡ್ರೈವಿಂಗ್ ಶಾಲೆ ನಡೆಸುವ ನನ್ನ ಯಜಮಾನರು, ಹನ್ನೊಂದು ವರ್ಷದ ಮಗಳು, ಮತ್ತು ಎಪ್ಪತ್ತನಾಲ್ಕು ವರ್ಷದ ಅತ್ತೆಯವರು. ಯಜಮಾನರಿಗೆ ಬೇರೆಯವರು ಓಡಿಸುವ ಗಾಡಿಯಲ್ಲಿ ಕೂತರೆ ಜೀವ ನಿಲ್ಲದು. ಅವರು ಚಾಲಕರ ಬೆನ್ನಿಗೇ ಸೀಟು ಹಿಡಿದು, ಪ್ರತಿ ತಿರುವಿನಲ್ಲೂ ಇಲ್ಲದ ಬ್ರೇಕನ್ನು ತುಳಿಯುತ್ತಾ ದೇಶದ ಪ್ರಕೃತಿಯನ್ನೆಲ್ಲ ತಮ್ಮ ಬಲಗಾಲಿನಿಂದಲೇ ಅನುಭವಿಸಿದರು.

ತಮ್ಮ ಮಾರ್ಗದರ್ಶಕರ ಬಗ್ಗೆ ಎಷ್ಟು ಹೊಗಳಿದರೂ ಕಡಿಮೆ. ಕೈಯಲ್ಲಿ ಸದಾ ಕಿತ್ತಳೆ ಬಣ್ಣದ ಬಾವುಟ ಹಿಡಿದಿರುತ್ತಿದ್ದ ಆ ಮಹನೀಯರನ್ನು ನಾವು ಪ್ರೀತಿಯಿಂದ ಬಾವುಟದವರು ಎನ್ನುತ್ತಿದ್ದೆವು. ಏಳು ತಲೆಮಾರು ಆಳಿದ ರಾಜಮನೆತನವನ್ನು ಅವರು ಹನ್ನೆರಡು ನಿಮಿಷಗಳಲ್ಲಿ ಹುಟ್ಟಿಸಿ, ಮೆರೆಸಿ, ವಿಷ ಹಾಕಿಸಿ, ಬಸ್ಸು ಹತ್ತಿಸಿಬಿಡುತ್ತಿದ್ದರು. ಜಲಪಾತಕ್ಕೆ ಎಂಟು ನಿಮಿಷ, ಹಿಮಶಿಖರಕ್ಕೆ ಐದು. ಉಣ್ಣೆ ಬಟ್ಟೆಯ ಮಳಿಗೆಗೆ ಮಾತ್ರ ಒಂದೂವರೆ ಗಂಟೆ. ಹಳೆಯ ರಾಜರು ತಮ್ಮ ಯುದ್ಧಗಳನ್ನು ಈ ಮಳಿಗೆಯ ಅಕ್ಕಪಕ್ಕದಲ್ಲೇ ಮಾಡಿದ್ದರೆ ತಮಗೂ ಡೀಸೆಲ್ ಉಳಿಯುತ್ತಿತ್ತು, ಅವರಿಗೂ ಒಂದು ಒಳ್ಳೆಯ ಸ್ವೆಟರ್ ಸಿಗುತ್ತಿತ್ತು.

ಮೂರನೆಯ ದಿನ ಬೆಳಿಗ್ಗೆ ಹನ್ನೊಂದು ಗಂಟೆಗೆ ನಾವು ಕಣಿವೆಯ ಊರು ತಲುಪಿದೆವು. ಪುಸ್ತಿಕೆಯಲ್ಲಿ ಆ ಊರಿನ ಎದುರು ‘ಚಹಾ ವಿರಾಮ, ಇಪ್ಪತ್ತು ನಿಮಿಷ’ ಎಂದಷ್ಟೇ ಇತ್ತು. ಬಾವುಟದವರು ಮೈಕು ಹಿಡಿದು, “ಈ ಊರಿಗೆ ಹೇಳಿಕೊಳ್ಳೋ ಅಂಥ ಇತಿಹಾಸ ಏನಿಲ್ಲ, ಆದ್ರೆ ಶೌಚಾಲಯ ಚೆನ್ನಾಗಿದೆ” ಎಂದು ಸಾರಿದರು.

ಇಲ್ಲಿ ಅತ್ತೆಯವರ ವೃತ್ತಿಯನ್ನು ತಮ್ಮ ಗಮನಕ್ಕೆ ತರಬೇಕು. ಅವರು ಮೂವತ್ತು ವರ್ಷ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಆಪರೇಟರ್ ಆಗಿದ್ದವರು. ಟ್ರಂಕ್ ಕಾಲ್ ಬುಕ್ ಮಾಡಿ ಅರ್ಧ ದಿನ ಕಾಯುತ್ತಿದ್ದ ಕಾಲದಲ್ಲಿ, ಬಯಲಿನವರ ಮಾತನ್ನು ಬೆಟ್ಟಕ್ಕೂ ಬೆಟ್ಟದವರ ಮಾತನ್ನು ಬಯಲಿಗೂ ತಮ್ಮ ಕೈಯಾರೆ ಜೋಡಿಸಿದವರು. ಈ ಕಣಿವೆಯ ಊರಿನ ಎಕ್ಸ್‌ಚೇಂಜಿನಲ್ಲಿ ಆ ತುದಿಗೆ ಕೂತಿದ್ದ ಆಪರೇಟರಮ್ಮನ ಜೊತೆ ಹತ್ತೊಂಬತ್ತು ವರ್ಷ, ದಿನಕ್ಕೆ ನಲವತ್ತು ಸಲ “ಹಲೋ, ಲೈನ್ ಕೊಡಿ” ಎಂದಿದ್ದರೂ ಒಮ್ಮೆಯೂ ಮುಖ ನೋಡಿದವರಲ್ಲ. ಇದೆಲ್ಲ ನನಗೆ ಅಂದು ಬೆಳಿಗ್ಗೆ ಗೊತ್ತಿತ್ತೆಂದು ಬರೆದುಕೊಳ್ಳಲು ಆಸೆಯಾಗುತ್ತದೆ. ಗೊತ್ತಿರಲಿಲ್ಲ. ಹದಿನಾಲ್ಕು ವರ್ಷ ಒಂದೇ ಅಡುಗೆಮನೆಯಲ್ಲಿ ಓಡಾಡಿದರೂ, ಅವರು ಎಲ್ಲೋ ನೌಕರಿಯಲ್ಲಿದ್ದರು ಎಂಬುದಕ್ಕಿಂತ ಹೆಚ್ಚು ನಾನು ಕೇಳಿರಲಿಲ್ಲ, ಅವರು ಹೇಳಿರಲಿಲ್ಲ. ನಮ್ಮಿಬ್ಬರ ನಡುವೆ ಜಗಳವೂ ಇರಲಿಲ್ಲ, ಮಾತೂ ಇರಲಿಲ್ಲ.

ಆ ಊರಿನಲ್ಲಿ ಇಳಿಯುವಾಗ ಮಗಳು ತಿರುವುಗಳ ಪ್ರತಾಪಕ್ಕೆ ವಾಂತಿ ಮಾಡಿಕೊಂಡಿದ್ದಳು. ನಾನು ನಲ್ಲಿಯ ಹತ್ತಿರ ಅವಳ ಬಟ್ಟೆ ಒರೆಸುತ್ತಿದ್ದೆ. ಅತ್ತೆಯವರು ಬಂದು, “ಆ ಕಡೆ ಒಂದು ಹೆಜ್ಜೆ ನೋಡ್ಕೊಂಡು ಬರ್ತೀನಮ್ಮ” ಎಂದರು. ನಾನು ತಲೆ ಎತ್ತದೆ ಹೂಂಗುಟ್ಟಿದೆ. ಇಪ್ಪತ್ತು ನಿಮಿಷಕ್ಕೆ ಸರಿಯಾಗಿ ಬಸ್ಸಿನ ಹಾರನ್ ಆಯಿತು. ಬಾವುಟದವರು ಸೀಟಿನಿಂದ ಸೀಟಿಗೆ ಬರುತ್ತಾ ನನ್ನ ಹತ್ತಿರ ನಿಂತು, “ಮೇಡಂ, ನಿಮ್ಮವರು ನಾಲ್ಕೂ ಜನ ಬಂದ್ರಾ?” ಎಂದರು. ನನ್ನ ಹಿಂದಿನ ಸೀಟಿನ ಮೇಲೆ ಅತ್ತೆಯವರ ಶಾಲು, ಕೈಚೀಲ ಎರಡೂ ಇದ್ದವು. ನಾನು “ಹೂಂ, ಬಂದ್ರು” ಎಂದೆ. ಬಸ್ಸು ಹೊರಟಿತು.

ಒಂದೂವರೆ ಗಂಟೆಯ ಮೇಲೆ ಕೋಟೆಯ ಬಾಗಿಲಲ್ಲಿ ಇಳಿದಾಗ ಶಾಲು ಇಳಿಯಲಿಲ್ಲ. ಮಗಳು “ಅಜ್ಜಿ ಎಲ್ಲಿ?” ಎಂದಳು. ಯಜಮಾನರು ಗಾಬರಿಯಿಂದ ಅವರ ಮೊಬೈಲಿಗೆ ಫೋನ್ ಮಾಡಿದರೆ, ನನ್ನ ಹಿಂದಿನ ಸೀಟಿನ ಕೈಚೀಲ ರಿಂಗಾಯಿತು. ಆಗ ನನ್ನ ಎದೆ ಹೇಗೆ ಹೊಡೆದುಕೊಂಡಿತೆಂಬುದಕ್ಕೆ ತಮ್ಮ ನಮೂನೆಯಲ್ಲಿ ಕಾಲಂ ಇಲ್ಲವಾದ್ದರಿಂದ ಬಿಡುತ್ತೇನೆ.

ಬಾವುಟದವರು ಮಾತ್ರ ಸ್ಥಿತಪ್ರಜ್ಞರು. “ವಯಸ್ಸಾದೋರು ಮೇಡಂ, ಎಲ್ಲಿ ಹೋಗ್ತಾರೆ, ಅಲ್ಲೇ ಕೂತಿರ್ತಾರೆ. ಕೋಟೆ ನೋಡ್ಕೊಂಡು, ಸಂಜೆ ಹೋಟೆಲಿಗೆ ಹೋದ ಮೇಲೆ ವಿಚಾರಿಸೋಣ” ಎಂದರು. ಬಸ್ಸು ಹಿಂದಿರುಗಿದರೆ ಉಳಿದ ಇಪ್ಪತ್ತೆಂಟು ಮಂದಿಗೆ ಉಣ್ಣೆ ಮಳಿಗೆಯ ಎರಡನೆಯ ಶಾಖೆ ತಪ್ಪಿಹೋಗುತ್ತದೆಂಬ ಅವರ ಸಂಕಟ ನನಗೆ ಅರ್ಥವಾಯಿತು. ನನ್ನ ಯಜಮಾನರೂ ಪುಸ್ತಿಕೆಯನ್ನೊಮ್ಮೆ, ಕೋಟೆಯನ್ನೊಮ್ಮೆ ನೋಡಿ, “ಟಿಕೆಟ್ ಹರಿಸಿ ಆಗಿದೆಯಲ್ಲ, ಬೇಗ ಒಂದು ಸುತ್ತು ಹಾಕಿ…” ಎಂದು ಶುರು ಮಾಡಿದವರು, ನನ್ನ ಮುಖ ಕಂಡು ಆ ವಾಕ್ಯವನ್ನು ಅಲ್ಲಿಗೇ ಬಿಟ್ಟರು. ಬಿಟ್ಟವರು ಆಮೇಲೆ ತಾವೇ ಓಡಿಹೋಗಿ, ಆಲೂಗಡ್ಡೆ ಇಳಿಸಿ ಖಾಲಿ ಹೊರಟಿದ್ದ ಒಂದು ಲಾರಿಯನ್ನು ಅಡ್ಡಗಟ್ಟಿ ನಿಲ್ಲಿಸಿದರು. ತಮ್ಮ ತಾಯಿಗಾಗಿ ಅವರು ಓಡಿದ್ದನ್ನು ನಾನು ನೋಡಿದ್ದು ಅದೇ ಮೊದಲು. ಆ ಲಾರಿಯ ಚಾಲಕ ನಮ್ಮನ್ನು ಎಣಿಸಲೂ ಇಲ್ಲ, ಮೈಕಿನಲ್ಲಿ ಏನೂ ವಿವರಿಸಲೂ ಇಲ್ಲ. “ಅಮ್ಮ ಸಿಗ್ತಾರೆ, ಕೂತ್ಕೊಳ್ಳಿ” ಎಂದ, ಅಷ್ಟೇ. ಇಡೀ ಪ್ರವಾಸದಲ್ಲಿ ನಾನು ಕೇಳಿದ ಅತ್ಯುತ್ತಮ ಮಾರ್ಗದರ್ಶನ ಅದು.

ಕಣಿವೆಯ ಊರು ತಲುಪಿದಾಗ ಮೂರು ಗಂಟೆ ದಾಟಿತ್ತು. ಚಹಾದಂಗಡಿಯವರು ಹಳೆಯ ಎಕ್ಸ್‌ಚೇಂಜಿನ ಕಡೆ ಕೈ ತೋರಿಸಿದರು. ಅದು ಈಗ ನೀರಿನ ಕರ ಕಟ್ಟುವ ಕಚೇರಿ. ಅಲ್ಲಿನ ಗುಮಾಸ್ತರು, “ಹಳೇ ಆಪರೇಟರಮ್ಮನ್ನ ಕೇಳ್ಕೊಂಡು ಬಂದೋರಾ? ಮೇಲಿನ ಬೀದಿ, ಚಪ್ಪಲಿ ರಿಪೇರಿ ಅಂಗಡಿಯ ಮಹಡಿ” ಎಂದರು. ಮೇಲಿನ ಬೀದಿಗೆ ರಸ್ತೆಯಿಲ್ಲ, ನೂರಕ್ಕೂ ಹೆಚ್ಚು ಕಲ್ಲಿನ ಮೆಟ್ಟಿಲು. ಮಂಡಿನೋವೆಂದು ಮನೆಯಲ್ಲಿ ಮಾಳಿಗೆ ಹತ್ತದ ಅತ್ತೆಯವರು ಅಷ್ಟನ್ನೂ ಹತ್ತಿದ್ದರು.

ಒಂದೇ ಕೋಣೆ. ಕಿಟಕಿಯ ಪಕ್ಕದ ಮಂಚದ ಮೇಲೆ ಇಬ್ಬರು ಮುದುಕಿಯರು ಮೊಣಕಾಲಿಗೆ ಮೊಣಕಾಲು ತಾಗಿಸಿ ಕೂತಿದ್ದರು. ಹತ್ತೊಂಬತ್ತು ವರ್ಷ ಬರೀ ಕಿವಿಯಿಂದ ಗುರುತಿಟ್ಟುಕೊಂಡಿದ್ದ ಆ ಆಪರೇಟರಮ್ಮನಿಗೆ ಈಗ ಎರಡೂ ಕಿವಿ ಕೇಳುವುದಿಲ್ಲ. ಹಾಗಾಗಿ ಅತ್ತೆಯವರು ಬರೆದು ತೋರಿಸುತ್ತಿದ್ದರು, ಆಕೆ ಗಟ್ಟಿಯಾಗಿ, ಬೆಟ್ಟದ ಆಚೆಗೂ ಕೇಳಿಸುವಂತೆ, ಉತ್ತರ ಹೇಳುತ್ತಿದ್ದರು. ಬರೆಯುತ್ತಿದ್ದದ್ದು, ಬಸ್ಸಿನಿಂದ ಇಳಿಯುವಾಗ ಕೈಯಲ್ಲೇ ಉಳಿದಿದ್ದ ತಮ್ಮ ಪುಸ್ತಿಕೆಯ ಮೇಲೆ. ಇತಿಹಾಸದ ಪುಟಗಳಲ್ಲಿ ಖಾಲಿ ಜಾಗ ಅಷ್ಟು ಧಾರಾಳವಾಗಿ ಬಿಟ್ಟಿದ್ದಕ್ಕೆ ತಮಗೆ ಅನಂತ ವಂದನೆಗಳು.

ಏನು ಬರೆದರೆಂದು ಮಗಳು ಕೇಳಿದಳು. ಅತ್ತೆಯವರು ಅವಳಿಗೆ ಹೇಳಿದ್ದನ್ನು, ತಮ್ಮ ಬಾವುಟದವರ ಮೈಕಿಗೆ ಉಪಯೋಗವಾದೀತೆಂದು, ಇಲ್ಲಿ ಬರೆಯುತ್ತೇನೆ.

ನಲವತ್ತೊಂದು ವರ್ಷದ ಹಿಂದೆ ಈ ಊರಿನ ಮೇಲೆ ಹಿಮ ಕುಸಿಯಿತು. ರಸ್ತೆ ಮುಚ್ಚಿತು, ಒಂದು ಬಿಟ್ಟು ಎಲ್ಲ ತಂತಿಯೂ ಹರಿಯಿತು. ಬಯಲಿನ ಊರುಗಳಿಂದ ಇಲ್ಲಿ ಸುರಂಗದ ಕೆಲಸಕ್ಕೆ ಬಂದಿದ್ದ ನೂರಾರು ಜನರಲ್ಲಿ ಬದುಕಿದವರು ಯಾರೆಂದು ಯಾರಿಗೂ ತಿಳಿಯದು. ಆ ಒಂದು ತಂತಿಯ ಮೇಲೆ ಆಪರೇಟರಮ್ಮ ಮೂರು ದಿನ ಬದುಕಿರುವವರ ಹೆಸರು ಓದಿದರು. ಬಯಲಿನ ತುದಿಯಲ್ಲಿ ಅತ್ತೆಯವರು ಬರೆದುಕೊಂಡು, ಗಂಟೆಗೊಮ್ಮೆ ಎಕ್ಸ್‌ಚೇಂಜಿನ ಮೆಟ್ಟಿಲ ಮೇಲೆ ನಿಂತು, ಹೊರಗೆ ನೆರೆದಿದ್ದ ಮನೆಯವರಿಗೆ ಓದಿ ಹೇಳಿದರು. ಇನ್ನೂರ ಹನ್ನೊಂದು ಹೆಸರು. ಅತ್ತೆಯವರಿಗೆ ಆಗ ಏಳು ತಿಂಗಳು. ಹೊಟ್ಟೆಯಲ್ಲಿದ್ದ ನನ್ನ ಯಜಮಾನರೂ ಅಷ್ಟೂ ಹೆಸರನ್ನು ಕೇಳಿಸಿಕೊಂಡಿರಬೇಕು. ಒಂದನ್ನೂ ನೆನಪಿಟ್ಟುಕೊಂಡಿಲ್ಲ.

ಆಪರೇಟರಮ್ಮನ ಗಂಡನೂ ಅದೇ ಸುರಂಗದಲ್ಲಿ ಮೇಸ್ತ್ರಿ. ಇದು ಅತ್ತೆಯವರಿಗೆ ಗೊತ್ತಿತ್ತು. ಮೂರನೆಯ ದಿನ ಪಟ್ಟಿ ಮುಗಿಯುತ್ತಾ ಬಂದಾಗ ತಡೆಯಲಾರದೆ, “ನಿಮ್ಮೋರು?” ಎಂದು ಕೇಳಿದರಂತೆ. ಆ ತುದಿಯಿಂದ ಬಂದದ್ದು, “ಮುಂದಿನ ಹೆಸರು ಬರ್ಕೊಳ್ಳಿ” ಎಂಬ ದನಿ. ಅದಾದ ಮೇಲೆ ಏಳು ವರ್ಷ ದಿನವೂ ಲೈನಿನಲ್ಲಿ ಸಿಕ್ಕರೂ, ಮೇಲಧಿಕಾರಿ ಕೇಳಿಸಿಕೊಳ್ಳುತ್ತಾರೆಂಬ ಅಂಜಿಕೆಗೋ ಏನೋ, ಇಬ್ಬರೂ ಆ ಮಾತು ಎತ್ತಲಿಲ್ಲ. ಅತ್ತೆಯವರು ಇಷ್ಟು ದೂರ ಬಂದದ್ದು ಅದೊಂದು ಮಾತು ಆಡುವುದಕ್ಕೆ. ಪುಸ್ತಿಕೆಯ ಮೇಲೆ ಏನು ಬರೆದಿದ್ದರೆಂದು ನಾನು ಓದಿಲ್ಲ. ಆಪರೇಟರಮ್ಮ ಆ ಹಾಳೆಯನ್ನು ಹರಿದು ದಿಂಬಿನ ಕೆಳಗಿಟ್ಟುಕೊಂಡರು.

ನಾವು ತಮ್ಮ ಪ್ರವಾಸದ ಉಳಿದ ಭಾಗವನ್ನೆಲ್ಲ ತಪ್ಪಿಸಿಕೊಂಡೆವು. ಎರಡು ಕೋಟೆ, ಮೂರು ಶಿಖರ, ಒಂದು ಸರೋವರ ನಮ್ಮನ್ನು ನೋಡುವ ಭಾಗ್ಯದಿಂದ ವಂಚಿತವಾದವು. ಆ ಊರಿನಲ್ಲಿ ಮೂರು ದಿನ ಇದ್ದು, ಕಿಟಕಿಯಿಂದ ಕಾಣುವ ಒಂದೇ ಬೆಟ್ಟವನ್ನು ಬೆಳಿಗ್ಗೆಯಿಂದ ಸಂಜೆಯವರೆಗೆ ನೋಡಿ, ಸಾಮಾನ್ಯ ಬಸ್ಸಿನಲ್ಲಿ ಮನೆಗೆ ಬಂದೆವು. ಐದೇ ನಿಮಿಷದಲ್ಲಿ ಮುಗಿಯಬೇಕಾದ ಶಿಖರವನ್ನು ಹೀಗೆ ಪೋಲು ಮಾಡಿದ್ದಕ್ಕೆ ಕ್ಷಮೆಯಿರಲಿ. ತಮ್ಮಲ್ಲಿ ನನ್ನ ಪ್ರಾರ್ಥನೆಯಿಷ್ಟೇ: ಮುಂದಿನ ಪ್ರವಾಸಗಳಲ್ಲಿ ಪ್ರತಿ ಚಹಾ ವಿರಾಮದಲ್ಲೂ ಒಬ್ಬ ಹಿರಿಯರನ್ನು ಕಡ್ಡಾಯವಾಗಿ ಬಿಟ್ಟು ಹೊರಡುವ ವ್ಯವಸ್ಥೆ ಮಾಡಿ, ಅದನ್ನು ಪುಸ್ತಿಕೆಯಲ್ಲಿ ‘ವಿಶೇಷ ಆಕರ್ಷಣೆ’ ಎಂದು ದಪ್ಪ ಅಕ್ಷರದಲ್ಲಿ ಅಚ್ಚು ಹಾಕಿಸಬೇಕು.

ಇನ್ನು ತಮ್ಮ ನಮೂನೆ. ಅತ್ತೆಯವರು ಕನ್ನಡಕ ಹಾಕಿಕೊಂಡು ಅದನ್ನು ಓದಿ, “ಸಹಿ ಹಾಕಿ ಕಳಿಸಿಬಿಡೋಣ ಬಿಡಮ್ಮ, ಪಾಪ ಆ ಮನುಷ್ಯನ ಕೆಲಸಕ್ಕೆ ಕುತ್ತು ಬರುತ್ತೆ” ಎಂದರು. ನನಗೆ ತಡೆಯಲಾಗಲಿಲ್ಲ. ಮರೆತವಳು ನಾನು, ನಾಲ್ಕೂ ಜನ ಬಂದರೆಂದು ಹೇಳಿದವಳೂ ನಾನು, ಇದಕ್ಕೆ ಬಾವುಟದವರಿಗಿಂತ ನಾನೇ ಹೆಚ್ಚು ಹೊಣೆ ಎಂದು, ಅಲ್ಲಿಯವರೆಗೆ ಯಜಮಾನರಿಗೂ ಹೇಳದೆ ನುಂಗಿಕೊಂಡಿದ್ದುದನ್ನು, ಅವರ ಮುಂದೆ ಹೇಳಿಬಿಟ್ಟೆ. ಅತ್ತೆಯವರು ಕನ್ನಡಕ ತೆಗೆದು ಒರೆಸಿದರು.

“ನಾನು ಮೆಟ್ಟಿಲ ಅರ್ಧದಲ್ಲಿದ್ದೆ, ಬಸ್ ಹೊರಟಿದ್ದು ಕಾಣಿಸ್ತು” ಎಂದರು. “ಕೂಗಿದ್ರೆ ಕೇಳಿಸ್ತಿತ್ತು. ಕೂಗಲಿಲ್ಲ.”

ಆಮೇಲೆ ನನ್ನ ಕೆಂಪು ಪೆನ್ನು ಇಸಿದುಕೊಂಡು, ‘ವಯೋಸಹಜ ಮರೆವಿನಿಂದ’ ಎಂಬುದನ್ನು ಹೊಡೆದುಹಾಕಿ, ಅದರ ಮೇಲೆ ದುಂಡಗೆ ‘ಬೇಕೆಂತಲೇ’ ಎಂದು ಬರೆದು, ತಾವು ಪೆನ್ಸಿಲ್ಲಿನಲ್ಲಿ ತೋರಿಸಿದ ಜಾಗದಲ್ಲೇ ಸಹಿ ಹಾಕಿಕೊಟ್ಟರು. ಅದನ್ನು ಇದರೊಂದಿಗೆ ಲಗತ್ತಿಸಿದ್ದೇನೆ. ಸ್ವೀಕರಿಸಿ ಉಪಕರಿಸಬೇಕು.

ಇಂತು, ಹದಿನೇಳನೆಯ ಸೀಟಿನಿಂದ,
ಇಷ್ಟಾದರೂ ತಮ್ಮ ವಿಶ್ವಾಸಿಯಾದ
ಭೂಗೋಳದ ಟೀಚರ್

ತಾಜಾ ಕಲಂ: ನನ್ನ ಯಜಮಾನರಿಗೆ ನೋಡದೆ ಉಳಿದ ಎರಡು ಕೋಟೆಗಳದ್ದೇ ಕೊರಗು. ತಮ್ಮ ಮುಂದಿನ ಪ್ರವಾಸಕ್ಕೆ ಅವರೊಬ್ಬರನ್ನೇ ಕಳಿಸಿಕೊಡುತ್ತೇವೆ. ಹಿಂದಿರುಗಿಸುವ ಅವಸರವೇನೂ ಇಲ್ಲ.